ನಗುವಿಗೆ ಮುಂಚಿನ ಅಲೆ

ಪರದೆಯ ಮೇಲಿನ ಹಸಿರು ಗೆರೆ ಮೆಲ್ಲಗೆ ಏರಿತು. ಅದಾದ ಮೇಲೆ, ಜೋಕೊಂದನ್ನು ಕೇಳುತ್ತಿದ್ದ ನರ್ಸ್ ನಕ್ಕಳು.

"ನೋಡಿದ್ರಾ ಮೇಡಂ? ನಗು ಆಮೇಲೆ ಬಂತು. ಅಲೆ ಮೊದಲೇ ಎದ್ದಿತ್ತು," ಎಂದರು ಡಾ. ಬೋಪಣ್ಣ.

ನರ್ಸ್‌ನ ತಲೆಗೆ ಉಣ್ಣೆಯ ಟೋಪಿಯಂಥದ್ದನ್ನು ತೊಡಿಸಿದ್ದರು. ಮಿದುಳಿನಲ್ಲಿ ಏಳುವ ಅತಿ ಕ್ಷೀಣವಾದ ಕಾಂತಕ್ಷೇತ್ರವನ್ನು ಅದು ಹೊರಗಿನಿಂದಲೇ ಅಳೆಯುತ್ತಿತ್ತು. ಮಾತು ಕೇಳುವಾಗ ಮಿದುಳು ಸುಮ್ಮನೆ ಕೂರುವುದಿಲ್ಲ. ಮುಂದೇನು ಬರಬಹುದೆಂದು ಊಹಿಸುತ್ತಲೇ ಇರುತ್ತದೆ. ಆ ಊಹೆಯ ಅಲೆಯನ್ನು ಹಿಡಿಯುವ ನಿರೀಕ್ಷಾಮಾಪಕವನ್ನು ಬೋಪಣ್ಣ ಮೈಸೂರಿನ ಆ ಆಸ್ಪತ್ರೆಯಲ್ಲೇ ಕಟ್ಟಿದ್ದರು. ಅರ್ಥವಾಗದೆ ಬರೀ ಸದ್ದು ಕಿವಿಗೆ ಬಿದ್ದರೆ ಗೆರೆ ಅಲುಗುತ್ತಿರಲಿಲ್ಲ.

ಮಂದಾಕಿನಿ ಕಣ್ಣರಳಿಸಿ ನೋಡುತ್ತಿದ್ದರು. ಜೀವನವೆಲ್ಲ ಹಾಸ್ಯ ಧಾರಾವಾಹಿ ನಿರ್ದೇಶಿಸಿದವರು ಅವರು. ಅಪಾರ್ಟ್‌ಮೆಂಟೊಂದರ ಕತೆಯಾದ 'ಲಿಫ್ಟ್ ಕೆಟ್ಟಿದೆ' ಒಂದು ಕಾಲಕ್ಕೆ ಮನೆಮನೆಯ ಊಟದ ಹೊತ್ತಿನ ಸಂಗಾತಿಯಾಗಿತ್ತು. ಆಮೇಲೆ ಚಾನೆಲ್‌ಗಳು ನಗಿಸುವ ಕೆಲಸವನ್ನೂ ಯಂತ್ರಗಳಿಗೆ ಒಪ್ಪಿಸಿದವು. ವರ್ಷಗಳಿಂದ ಯಾರೂ ಅವರನ್ನು ಕರೆದಿರಲಿಲ್ಲ.

"ನನ್ನಿಂದ ಏನಾಗ್ಬೇಕು ಡಾಕ್ಟ್ರೇ?"

ಬೋಪಣ್ಣ ಪಕ್ಕದ ಕೋಣೆಗೆ ಕರೆದೊಯ್ದರು. ಕೌಶಿಕ್ ಎಂಬ ಈಜು ತರಬೇತುದಾರ ಅಲ್ಲಿ ಮಲಗಿದ್ದ. ಅಪಘಾತವಾಗಿ ವರ್ಷ ಕಳೆದಿತ್ತು. ಕಣ್ಣು ತೆರೆದಿದ್ದರೂ ನೋಟವಿರಲಿಲ್ಲ. ಉಸಿರು ಯಂತ್ರದ್ದು. ಪ್ರಜ್ಞೆ ಮರಳುವುದಿಲ್ಲವೆಂದು ವೈದ್ಯರ ಮಂಡಳಿ ಹೇಳಿತ್ತು. ಉಸಿರಿನ ಯಂತ್ರ ನಿಲ್ಲಿಸಲು ಮನೆಯವರು ಒಪ್ಪುವುದಷ್ಟೇ ಬಾಕಿ. "ಕೈ ಎತ್ತುವುದನ್ನು ಕಲ್ಪಿಸಿಕೊಳ್ಳಿ" ಎಂಬಂಥ ಪರೀಕ್ಷೆಗಳಿಗೆ ಅವನ ಮಿದುಳು ಸ್ಪಂದಿಸಿರಲಿಲ್ಲ.

"ಅಪ್ಪಣೆ ಮಾಡಿದ್ರೆ ಬರದೇ ಇರೋ ಸ್ಪಂದನೆ ತಮಾಷೆಗೆ ಬರಬಹುದೇನೋ. ಆದ್ರೆ ಅವರು ಕೇಳದ ಹೊಸ ಮಾತೇ ಆಗ್ಬೇಕು," ಎಂದರು ಬೋಪಣ್ಣ.

ಮಂದಾಕಿನಿ ಕೌಶಿಕನ ಹೆಂಡತಿ ನಿಸರ್ಗಾಳ ಪಕ್ಕದಲ್ಲಿ ಕುಳಿತರು. "ಇವರಿಗೆ ಎಂಥ ಮಾತಿಗೆ ನಗು ಬರ್ತಿತ್ತಮ್ಮಾ?"

"ಯಾರಾದ್ರೂ ತುಂಬ ಗಂಭೀರವಾಗಿ ಪೆದ್ದು ಮಾತಾಡಿದ್ರೆ ಸಾಕು ಮೇಡಂ, ತಡ್ಕೊಳ್ಳೋಕಾಗ್ತಿರ್ಲಿಲ್ಲ."

ಮಂದಾಕಿನಿ ತಮ್ಮ ಹಳೆಯ ನಟನೊಬ್ಬನನ್ನು ಹುಡುಕಿ, ಹೊಸ ದೃಶ್ಯ ಬರೆದು, ದನಿಯಷ್ಟನ್ನೇ ಮುದ್ರಿಸಿಕೊಂಡು ಬಂದರು. ಕೌಶಿಕನ ತಲೆಗೆ ಟೋಪಿ ತೊಡಿಸಿ ಮೊದಲ ಸಲ ಕೇಳಿಸಿದಾಗ ಗೆರೆ ಸತ್ತಂತೆ ಬಿದ್ದಿತ್ತು. ನಿಸರ್ಗಾ ಮುಖ ತಿರುಗಿಸಿಕೊಂಡಳು.

ಮಂದಾಕಿನಿಗೆ ತಟ್ಟನೆ ಹೊಳೆಯಿತು: ಗಾಯಗೊಂಡ ಮಿದುಳಿಗೆ ಮಾತಿನ ಈ ಓಟ ಹೆಚ್ಚಾಗಿರಬಹುದು. ಚಾನೆಲ್‌ನವರ ಒತ್ತಾಯಕ್ಕೆ ಮೌನವನ್ನೆಲ್ಲ ಕತ್ತರಿಸಿಯೇ ಅವರ ಕೈ ಪಳಗಿತ್ತು. ಈಗ ಮಾತನ್ನು ನಿಧಾನಿಸಿ, ನಡುವೆ ಯಾವ ಚಾನೆಲ್ಲೂ ಸಹಿಸದಷ್ಟು ಉದ್ದದ ಮೌನ ಇಟ್ಟರು.

ಅಪಾರ್ಟ್‌ಮೆಂಟಿನ ಕಾರ್ಯದರ್ಶಿಯ ಬಿಗಿದ ದನಿ ಕೇಳಿಸಿತು: "ಲಿಫ್ಟ್ ಕೆಟ್ಟಿದೆ ಅಂತ ದೂರು ಕೊಡೋರು ಏಳನೇ ಮಹಡಿಗೆ ಬರ್ಬೇಕು. ಮೆಟ್ಟಿಲು ಹತ್ತೋಕಾಗದ ಹಿರಿಯರು..."

ಮೌನ. ಗೆರೆ ನಡುಗಿತು, ಏರಿತು, ಇನ್ನೂ ಏರಿತು.

"...ಲಿಫ್ಟ್‌ನಲ್ಲೇ ಬರಬಹುದು."

ಕೌಶಿಕನ ಮುಖದ ಒಂದು ಸ್ನಾಯುವೂ ಕದಲಲಿಲ್ಲ. ಬೋಪಣ್ಣ ಅದೇ ಪದಗಳನ್ನು ಅರ್ಥವಾಗದಂತೆ ಕಲಸಿ ಕೇಳಿಸಿದರು: ಗೆರೆ ಚಪ್ಪಟೆ. ಮಂದಾಕಿನಿ ಕೂಡಲೇ ಮುದ್ರಿಕೆಯ ಇನ್ನೊಂದು ಹೊಸ ಸಾಲು ಕೇಳಿಸಿದರು: ಮತ್ತೆ ಅಲೆ. ಎಷ್ಟೋ ಸಭಾಂಗಣಗಳ ನಗು ಕೇಳಿದ್ದ ಮಂದಾಕಿನಿಗೆ, ಸದ್ದಿಲ್ಲದ ಆ ಗೆರೆಯ ಮುಂದೆ ಕೈ ಮುಗಿಯಬೇಕೆನಿಸಿತು.

"ರೀ, ಇಲ್ಲೇ ಇದೀರಾ?" ಎಂದು ಗಂಡನ ಕೈ ಹಿಡಿದು ನಿಸರ್ಗಾ ಅತ್ತಳು. ಉಸಿರಿನ ಯಂತ್ರ ನಿಲ್ಲಿಸುವ ಮಾತು ಅಲ್ಲಿಗೇ ಮುಗಿಯಿತು.

ಮುಂದಿನ ವರ್ಷಗಳಲ್ಲಿ ಆ ಟೋಪಿ ಊರೂರಿನ ಆಸ್ಪತ್ರೆಗಳಿಗೆ ಹೋಯಿತು. ಅರಿವಿಲ್ಲವೆಂದು ಬರೆದುಬಿಟ್ಟಿದ್ದ ಹಲವರಲ್ಲಿ ಅಲೆ ಎದ್ದಿತು. ಅವರಿಗಾಗಿ ಮಂದಾಕಿನಿ ದೀರ್ಘ ಮೌನಗಳ ಹೊಸ ಧಾರಾವಾಹಿಯನ್ನೇ ಮಾಡಿದರು. ವಾರ್ಡುಗಳ ಒಳಗೆ ಜನ ಮಾತಾಡುವ ರೀತಿ ಬದಲಾಯಿತು; ನರ್ಸ್‌ಗಳು ಸೂಜಿ ಚುಚ್ಚುವ ಮುಂಚೆ ಹೇಳಿ ಚುಚ್ಚತೊಡಗಿದರು.

ಆದರೆ ಆ ಮೊದಲ ದಿನವೇ, ಅಳು ನಿಂತ ಮೇಲೆ, ನಿಸರ್ಗಾ ಬೆಚ್ಚಿ ತಲೆಯೆತ್ತಿದ್ದಳು.

"ಡಾಕ್ಟ್ರೇ, ಒಂದು ವರ್ಷದಿಂದ ಈ ಮಂಚದ ಪಕ್ಕದಲ್ಲೇ ನಿಂತು ನಾವೆಲ್ಲ ಏನೇನು ಮಾತಾಡಿದ್ವಿ... ಅದೂ ಕೇಳಿಸಿರುತ್ತಾ?"

ಬೋಪಣ್ಣ ಕೌಶಿಕನ ತಲೆಯ ಟೋಪಿಯನ್ನು ಮೆಲ್ಲಗೆ ಬಿಚ್ಚಿದರು. ಅವರ ಯಂತ್ರ ಯಾರಿಗೂ ಹೊಸದಾಗಿ ಕೇಳುವ ಶಕ್ತಿ ಕೊಟ್ಟಿರಲಿಲ್ಲ. ಅದು ಬರುವುದಕ್ಕೆ ಎಷ್ಟೋ ವರ್ಷ ಮೊದಲು, ಇಂಥ ಮಂಚಗಳ ಸುತ್ತ ನಿಂತವರು ಇವರಿಗೆ ಏನೂ ತಿಳಿಯದು ಎಂದುಕೊಂಡು ಮಾತಾಡುತ್ತಿದ್ದ ಕಾಲದಲ್ಲೂ, ಮಲಗಿದವರಲ್ಲಿ ಕೆಲವರು ಕೇಳಿಸಿಕೊಳ್ಳುತ್ತಲೇ ಇದ್ದರು.