ಬೆನ್ನ ಮೇಲಿನ ಸೀಮೆಸುಣ್ಣ

"ಇದರ ಬೆನ್ನಿಗೆ ಮಾತ್ರ ಗೀಟು ಹಾಕ್ಬೇಡಿ ಸ್ವಾಮಿ," ಎಂದ ಗ್ರಿಮ್ಸ್. ಮೂವತ್ತು ವರ್ಷ ಆ ಗ್ಯಾಲರಿಯಲ್ಲಿ ಚಿತ್ರ ಹೊತ್ತು, ಮೊಳೆ ಹೊಡೆದು ಮುದುಕನಾದ ಆಳು ಅವನು. ಚಿತ್ರವನ್ನು ಎರಡೂ ಕೈಯಲ್ಲಿ ಎತ್ತಿ ಹಿಡಿದಿದ್ದರೂ ಮುಖವನ್ನು ಪಕ್ಕಕ್ಕೆ ತಿರುಗಿಸಿಕೊಂಡಿದ್ದ.

ಕಾಲ ಮೇಲೆ ಕಾಲು ಹಾಕಿ ಕೂತಿದ್ದ ಸೆಪ್ಟಿಮಸ್ ಕ್ರೇಲ್ ಸೀಮೆಸುಣ್ಣದ ತುಂಡನ್ನು ಬೆರಳುಗಳ ನಡುವೆ ಉರುಳಿಸುತ್ತ ನಕ್ಕ. ಹದಿನೈದು ವರ್ಷ ಲಂಡನ್ನಿನ ವಾರಪತ್ರಿಕೆಯೊಂದರಲ್ಲಿ ಚಿತ್ರಕಾರರ ಮಾನ ಕಳೆದು ಹೆಸರು ಮಾಡಿದವನು. ಗ್ಯಾಲರಿಯ ಮೇಲ್ವಿಚಾರಕನಾಗಿ ಬಂದು ಮೂರೇ ತಿಂಗಳಾಗಿತ್ತು. ವಸಂತದ ಪ್ರದರ್ಶನ ಶುರುವಾಗುವ ದಿನ ಅಧ್ಯಕ್ಷ ಲಾರ್ಡ್ ಹಾವರ್ಡೀನ್ ಎಲ್ಲರೆದುರು ಅವನ ಕೈ ಕುಲುಕಿ ಹೆಸರು ಹೇಳಿದರೆ ಕೆಲಸ ಖಾಯಂ. ಅದಕ್ಕೆಂದೇ ಹೊಸ ಕಪ್ಪು ಕೋಟು ಹೊಲಿಸಿಕೊಂಡಿದ್ದ. ನೂರಾರು ಜನರ ಕಣ್ಣು ಒಟ್ಟಿಗೆ ತನ್ನ ಮೇಲೆ ಬೀಳಬೇಕು, ಬದುಕಿನಲ್ಲಿ ಅವನಿಗೆ ಬೇಕಾಗಿದ್ದದ್ದು ಅದೊಂದೇ.

ಬೇರೆಯವರ ಕೆಲಸವನ್ನು ಮಾತ್ರ ಈ ಮಹಾನುಭಾವ ನೋಡುತ್ತಿದ್ದದ್ದು ಎರಡು ಎಣಿಸುವಷ್ಟು ಹೊತ್ತು. ಒಂದು, ಎರಡು, "ತಿರುಗಿಸು." ಆಳು ಚಿತ್ರ ತಿರುಗಿಸಿದರೆ ಹಿಂದಿನ ಬಟ್ಟೆಯ ಮೇಲೆ ಸೀಮೆಸುಣ್ಣದಲ್ಲಿ ಒಂದರ ಮೇಲೊಂದು ಓರೆಯಾಗಿ ಎರಡು ಗೀಟು. ಪ್ರದರ್ಶನಕ್ಕೆ ಬೇಡವೆಂಬ ಗುರುತು ಅದು, ಅಲ್ಲಿಗೆ ಆ ಚಿತ್ರದ ಕತೆ ಮುಗಿಯಿತು. ಗೀಟೆಳೆಯುವುದು ಆಳುಗಳ ಕೆಲಸ, ಆದರೆ ಕ್ರೇಲ್ ಅದನ್ನು ಯಾರಿಗೂ ಬಿಟ್ಟುಕೊಡುತ್ತಿರಲಿಲ್ಲ. ಸೀಮೆಸುಣ್ಣ ಕಿರುಗುಟ್ಟುವ ಸದ್ದು ಕೇಳದಿದ್ದರೆ ಅವನಿಗೆ ಊಟ ರುಚಿಸುತ್ತಿರಲಿಲ್ಲ.

"ಯಾಕಯ್ಯಾ, ಗೀಟು ಹಾಕಿದ್ರೆ ಕಚ್ಚುತ್ತಾ?"

ಗ್ರಿಮ್ಸ್ ದನಿ ತಗ್ಗಿಸಿ ಹೇಳಿದ. ಚಿತ್ರಕಾರ ಟ್ರೆವೋನ್ ಕಾರ್ನ್‌ವಾಲ್ ಕಡಲ ಕಡೆಯವನು. ಅವನ ಬಗ್ಗೆ ಕ್ರೇಲ್ ಬರೆದ ಎರಡು ಸಾಲು ಓದಿ ಊರೆಲ್ಲ ನಕ್ಕ ಮೇಲೆ ಅವನ ಚಿತ್ರಗಳನ್ನು ಕೊಳ್ಳುವವರೇ ಇಲ್ಲದಾಗಿ, ಕೊರಗಿ ಸತ್ತಿದ್ದ. ಅರ್ಧಕ್ಕೆ ನಿಂತ ಕೊನೆಯ ಚಿತ್ರವನ್ನು ಮುಗಿಸಿದವಳು ಹೆಂಡತಿ. ಗಂಡನ ಕೂದಲು ಸುಟ್ಟ ಮಸಿಯನ್ನು ಅಗಸೆ ಎಣ್ಣೆಯಲ್ಲಿ ಅರೆದು, ತನ್ನ ಊರ ಕಡೆಯ ಮಾಟದ ಮಾತುಗಳನ್ನು ಹೇಳುತ್ತ ಬಳಿದಳಂತೆ.

"ಆಯಮ್ಮ ಹಿತ್ತಿಲ ಬಾಗಿಲಲ್ಲಿ ನಿಂತು ಹೇಳಿದ್ಲು ಸ್ವಾಮಿ. ಪೂರ್ತಿ ನೋಡಿ ಬೇಡ ಅಂದ್ರೆ ಬೇಜಾರಿಲ್ಲ, ನೋಡದೆ ಗೀಟು ಹಾಕಿದವನ ಬೆನ್ನ ಮೇಲೂ ಅದೇ ಗೀಟು ಬೀಳುತ್ತೆ ಅಂತ."

ಬೋಳು ಗೋಡೆಯ ಒಂದು ಕೋಣೆ. ನೋಡುವವರಿಗೆ ಬೆನ್ನು ಕೊಟ್ಟ ಒಂದು ಖಾಲಿ ಕುರ್ಚಿ. ಅಷ್ಟೇ ಚಿತ್ರ. ಬಣ್ಣದಿಂದ ಎಣ್ಣೆಯ ವಾಸನೆಯ ಜೊತೆ ಸುಟ್ಟ ಕೂದಲಿನ ಕಮಟು ಬರುತ್ತಿತ್ತು. ಒಂದು, ಎರಡು.

"ಸತ್ತವನಿಗೆ ಕೂರೋ ಮನುಷ್ಯನನ್ನ ಬರೆಯೋಕೂ ಬರಲಿಲ್ಲ. ತಿರುಗಿಸು."

ಸೀಮೆಸುಣ್ಣ ಕಿರುಗುಟ್ಟಿತು. ಕ್ರೇಲ್‌ನ ಬೆನ್ನಿನ ಮೇಲೆ ಯಾರೋ ಉಗುರಿನಿಂದ ಎಳೆದಂತಾಯಿತು. ಅವನು ಕೋಟು ಸರಿಪಡಿಸಿಕೊಂಡು ಮುಂದಿನ ಚಿತ್ರ ತರಿಸಿದ.

ಎಲ್ಲವನ್ನೂ ಚೌಕಟ್ಟಿಗೆ ಚೌಕಟ್ಟು ತಾಗಿಸಿ ತೂಗುಹಾಕಿದ ಮೇಲೆ, ಚಾವಣಿಯ ಕೆಳಗೆ ಒಂದು ಜಾಗ ಖಾಲಿ ಉಳಿಯಿತು. ಗ್ಯಾಸ್ ದೀಪದ ಹೊಗೆ ಹೋಗಿ ಕೂರುವ ಆ ಎತ್ತರದಲ್ಲಿ ಯಾರ ಚಿತ್ರ ಹಾಕಿದರೂ ಅದು ಅವಮಾನವೇ. ವಿಧವೆ ತನ್ನ ಚಿತ್ರವನ್ನು ವಾಪಸು ಒಯ್ದಿರಲಿಲ್ಲ. ತೂತು ಮುಚ್ಚಲು ಅದನ್ನೇ ಸಿಕ್ಕಿಸು ಎಂದ ಕ್ರೇಲ್. ಬೆನ್ನಿನ ಗೀಟು ಗೋಡೆಗೆ ತಾನೇ ಕಾಣುವುದು ಎಂದೂ ನಕ್ಕ.

ಪ್ರದರ್ಶನದ ದಿನ ಬೆಳಗ್ಗೆ ಹತ್ತಕ್ಕೇ ಬೀದಿ ದೀಪ ಹಚ್ಚುವಂಥ ಹಳದಿ ಮಂಜು. ಹೊಸ ಕೋಟಿನ ಬೆನ್ನಲ್ಲಿ ಎರಡು ಬಿಳಿ ಗೀಟು ಕಂಡವು. ಬಾಡಿಗೆ ಮನೆಯ ಒಡತಿ ಬ್ರಷ್ಷಿನಿಂದ ಉಜ್ಜಿದಳು. ಹೋದವು, ಮತ್ತೆ ಮೂಡಿದವು. ಕೋಟು ಬದಲಿಸಿದ. ಅದರಲ್ಲೂ ಮೂಡಿದವು. ಆಮೇಲೆ ಅವನು ಏನೋ ಕೇಳುತ್ತಿದ್ದಂತೆಯೇ ಅವಳು, ಕೋಣೆಯಲ್ಲಿ ಯಾರೂ ಇಲ್ಲವೆಂಬಂತೆ, ದೀಪ ಆರಿಸಿ ಹೊರಟುಹೋದಳು. ಕೈ ಬೀಸಿದರೂ ಬಾಡಿಗೆ ಬಂಡಿಗಳು ನಿಲ್ಲಲಿಲ್ಲ.

ಗ್ಯಾಲರಿ ತುಂಬಿ ತುಳುಕುತ್ತಿತ್ತು. ರೇಷ್ಮೆಯ ಸರಸರ, ಒದ್ದೆ ಉಣ್ಣೆಯ ವಾಸನೆ, ಹೊಸ ವಾರ್ನಿಷ್ಷಿನ ಘಾಟು. ಕ್ರೇಲ್ ನೇರ ಹೋಗಿ ಲಾರ್ಡ್ ಹಾವರ್ಡೀನರ ಮುಂದೆ ಕೈ ಚಾಚಿದ. ಲಾರ್ಡರ ಕಣ್ಣು ಅವನ ಮೇಲೆ ನಿಂತಿತು. ಒಂದು, ಎರಡು. ಜಾರಿತು.

"ಎಲ್ರೀ ಕ್ರೇಲ್? ಇನ್ನೂ ಬಂದಿಲ್ವಾ?"

"ಬೈಯೋಕೆ ಯಾರೂ ಸಿಕ್ಕಿಲ್ಲವೇನೋ," ಎಂದರು ಪಕ್ಕದವರು. ಸುತ್ತಲಿದ್ದವರು ಮನಸಾರೆ ನಕ್ಕರು.

"ಇಲ್ಲೇ ಇದ್ದೀನಿ!" ಎಂದು ಅವನು ಕೂಗಿದ. ಬಾಯಿಂದ ಅಗಸೆ ಎಣ್ಣೆಯ ವಾಸನೆ ಹೊರಟಿತೇ ಹೊರತು ಮಾತು ಯಾರಿಗೂ ಮುಟ್ಟಲಿಲ್ಲ. ಲಾರ್ಡ್ ಬೇರೊಬ್ಬನ ಕೈ ಕುಲುಕಿದರು. ಕೆಲಸ ಹೋಯಿತೆಂದು ಕ್ರೇಲ್‌ಗೆ ಅಲ್ಲಿಯೇ ತಿಳಿಯಿತು. ಅಷ್ಟಕ್ಕೇ ಮುಗಿಯುವುದಿಲ್ಲವೆಂದೂ ತಿಳಿಯಿತು.

ಗ್ರಿಮ್ಸ್ ಒಬ್ಬನೇ ಅವನನ್ನು ಗುರುತಿಸಿದ, ಅದೂ ಕಣ್ಣು ಕಿರಿದು ಮಾಡಿಕೊಂಡು, ಕಷ್ಟಪಟ್ಟು.

"ಮೇಲಿರೋ ಆ ಚಿತ್ರಾನ ಪೂರ್ತಿ ನೋಡಿ ಸ್ವಾಮಿ. ಆಯಮ್ಮ ಕೇಳಿದ್ದು ಅಷ್ಟೇ. ನಾನು ಏಣಿ ಹಿಡೀತೀನಿ."

ಕ್ರೇಲ್ ಹತ್ತಿದ. ಜನ ಏಣಿಯನ್ನು ಸುತ್ತಿಕೊಂಡು ಹೋದರು, ತಲೆ ಎತ್ತಲಿಲ್ಲ. ಮೇಲೆ ಸೆಕೆ. ಹೊಗೆಗೆ ಕಣ್ಣು ಉರಿಯಿತು. ಚಿತ್ರದ ಮುಂದೆ ಮುಖವಿಟ್ಟ. ಒಂದು. ಎರಡು. ಮೂರು. ಬೋಳೆಂದುಕೊಂಡಿದ್ದ ಗೋಡೆಯ ಮೇಲೆ ಬೆಳಕು ಇಳಿದಿತ್ತು. ಸಾಯುವವನೊಬ್ಬ ದಿನದಿನವೂ ಕೂತು ನೋಡಿದ ಬೆಳಕು. ಬೆನ್ನಿನ ಉರಿ ತಗ್ಗಿತು. ಕೆಳಗೆ ಯಾರೋ "ಅರೆ, ಕ್ರೇಲ್ ಅಲ್ವಾ ಅದು?" ಎಂದರು. ಇನ್ನು ಸ್ವಲ್ಪ ಹೊತ್ತು ನೋಡಿದ್ದರೆ ಸಾಕಿತ್ತು.

ಆದರೆ ತನ್ನ ಹೆಸರು ಕಿವಿಗೆ ಬಿದ್ದದ್ದೇ ತಡ, ಮನುಷ್ಯ ಮೊದಲಿನ ಕ್ರೇಲ್ ಆಗಿಬಿಟ್ಟ. ನೂರು ಜನ ಕೆಳಗಿದ್ದಾರೆ, ಏನಾದರೂ ಹೇಳಬೇಡವೇ? ಲೊಚಗುಟ್ಟಿದ.

"ಕುರ್ಚಿಯ ಹಿಂಗಾಲು ಸೊಟ್ಟ," ಎಂದು ನಗುವಿಗಾಗಿ ಕೆಳಕ್ಕೆ ತಿರುಗಿದ.

ಕಣ್ಣು ಜಾರಿತು. ದೀಪ ಮಂಕಾಯಿತು. ಕಾಲ ಕೆಳಗೆ ಮೆಟ್ಟಿಲಿಲ್ಲ. ಸುಟ್ಟ ಕೂದಲಿನ ವಾಸನೆ ಮೂಗಿಗೆ, ಬಾಯಿಗೆ ತುಂಬಿತು. ಮಂಡಿ ಮಡಚಿಕೊಂಡಿತು. ಚಿತ್ರದೊಳಗಿನ ಆ ಖಾಲಿ ಕುರ್ಚಿಯಲ್ಲಿ ಕೂತ. ಏಳಲಾಗಲಿಲ್ಲ. ಗ್ರಿಮ್ಸ್‌ನ ಕೈಯಲ್ಲಿ ಏಣಿ ಹಗುರಾಯಿತು.

ಈಗ ಅವನ ಮುಂದೆ ಬೋಳು ಗೋಡೆ ಇದೆ, ಅದರ ಮೇಲೆ ಬೆಳಕಿಲ್ಲ. ಕತ್ತು ತಿರುಗುವುದಿಲ್ಲ. ಬೆನ್ನ ಹಿಂದೆ ದಿನವೂ ಹೆಜ್ಜೆಗಳ ಸದ್ದು ಕೇಳಿ ದೂರವಾಗುತ್ತದೆ. ಯಾರೋ ಹುಡುಗಿ ಒಮ್ಮೆ, ಬೆನ್ನಿಗೆ ಗೀಟು ಹಾಕಿಕೊಂಡು ಕೂತ ಆ ಮನುಷ್ಯ ಯಾರೆಂದು ಕೇಳಿದಳು. ಯಾರೋ ಇರಬೇಕು, ನಡಿ ಎಂದಳು ತಾಯಿ.

ಪ್ರದರ್ಶನದ ಕೊನೆಯ ದಿನ ಸವೆದ ಬೂಟಿನ ಸದ್ದೊಂದು ನಿಧಾನವಾಗಿ ಬಂದು ಕೆಳಗೆ ನಿಂತಿತು. "ಅಲ್ಲಿ ಮೇಲಿದೆ ನೋಡಿ, ಮಿಸೆಸ್ ಟ್ರೆವೋನ್," ಎಂದ ಗ್ರಿಮ್ಸ್. ಕ್ರೇಲ್ ಕಿವಿಗೊಟ್ಟ. ಇವಳಾದರೂ ಪೂರ್ತಿ ನೋಡಿಯಾಳು. ನೋಡಿದರೆ ಮಾಟ ಬಿಟ್ಟೀತು. ಅವನು ಎಣಿಸತೊಡಗಿದ.

ಒಂದು. ಎರಡು.

ಬೂಟಿನ ಸದ್ದು ಬಾಗಿಲ ಕಡೆ ಹೊರಟಿತು.