ಹದಿನಾಲ್ಕನೆಯ ಫೈಲು

ಮಾರ್ಚ್ 11, ಬುಧವಾರ ಬೆಳಿಗ್ಗೆ 9.40ಕ್ಕೆ ಕೃತಕ ಕಾಲು ತಯಾರಿಸುವ ಕೇಂದ್ರದ ವ್ಯವಸ್ಥಾಪಕರು ಠಾಣೆಯ ಮೆಟ್ಟಿಲು ಹತ್ತಿದರು. ಕೈಯಲ್ಲಿ ಟೈಪು ಮಾಡಿದ ಎರಡು ಪುಟದ ದೂರಿತ್ತು, ಬಾಯಲ್ಲಿ ಅದಕ್ಕಿಂತ ಉದ್ದದ್ದು. ಕೇಂದ್ರದ ಕಂಪ್ಯೂಟರಿನಲ್ಲಿದ್ದ ಮುನ್ನೂರ ನಲವತ್ತು ಜನರ ಕಾಲಿನ ಅಳತೆಗಳು ಹಿಂದಿನ ದಿನ ಒಂದೇ ನಿಮಿಷದಲ್ಲಿ ನಾಶವಾಗಿವೆ. ಕಂಪ್ಯೂಟರ್ ಕೋಣೆಯ ಆಪರೇಟರ್ ಚೆನ್ನಾಗಿದ್ದ ಡಿಸ್ಕನ್ನು ಬೇಕೆಂದೇ ಕಿತ್ತಿದ್ದಾಳೆ. ಹೋದ ತಿಂಗಳು ರಜೆ ಕೊಡಲಿಲ್ಲವೆಂದು ಅವಳಿಗೆ ಸಿಟ್ಟಿತ್ತು.

"ಅಳತೆ ಮತ್ತೆ ತಗೊಂಡ್ರೆ ಆಗಲ್ವಾ?" ಇನ್‌ಸ್ಪೆಕ್ಟರ್ ಕೇಳಿದರು.

"ಆಗುತ್ತೆ ಮೇಡಂ. ಮುನ್ನೂರ ನಲವತ್ತು ಜನ ಒಂಟಿ ಕಾಲಲ್ಲಿ ಮತ್ತೆ ನಮ್ಮಲ್ಲಿಗೆ ಬರಬೇಕು, ಅಷ್ಟೇ."

10.25ಕ್ಕೆ ಎಫ್‌ಐಆರ್ ದಾಖಲಾಯಿತು. ಬರೆದವರು ಹೆಡ್ ಕಾನ್‌ಸ್ಟೆಬಲ್. ಠಾಣೆಯಲ್ಲಿ ಅವರನ್ನು ಎಲ್ಲರೂ ಅಲ್ಪವಿರಾಮ ಎಂದೇ ಕರೆಯುವುದು. ಅವರ ಪಂಚನಾಮೆಯ ಒಂದು ವಾಕ್ಯ ಶುರುವಾದರೆ ಪುಟ ತಿರುಗಿಸುವವರೆಗೆ ಪೂರ್ಣವಿರಾಮ ಸಿಗುತ್ತಿರಲಿಲ್ಲ. ಆದರೆ ಮೂವತ್ತು ವರ್ಷದಲ್ಲಿ ಅವರು ಬರೆದದ್ದರಲ್ಲಿ ಒಂದು ಗುಂಡುಸೂಜಿಯೂ ಬಿಟ್ಟುಹೋಗಿರಲಿಲ್ಲ.

ಕೇಂದ್ರ ಎರಡು ಅಂತಸ್ತಿನ ಕಟ್ಟಡ. ಕೆಳಗಿನ ಹಜಾರದ ತುಂಬ ಪ್ಲಾಸ್ಟರ್ ಪುಡಿ, ಗೋಡೆಯುದ್ದಕ್ಕೂ ಚೀಟಿ ಕಟ್ಟಿ ನೇತುಹಾಕಿದ ಅರ್ಧಂಬರ್ಧ ಕಾಲುಗಳು. ಬೆಂಚಿನ ಮೇಲೆ ಐದಾರು ಜನ ಸುಮ್ಮನೆ ಕೂತಿದ್ದರು. ಯಾಕೆ ಕಾಯುತ್ತಿದ್ದೇವೆಂದು ಅವರಿಗೇ ಗೊತ್ತಿರಲಿಲ್ಲ. ಮೇಲಿನ ಕಂಪ್ಯೂಟರ್ ಕೋಣೆಯಲ್ಲಿ ಒಂದು ಮೇಜು, ಒಂದು ಪರದೆ, ಎಂಟು ಡಿಸ್ಕುಗಳ ಕಪ್ಪು ಪೆಟ್ಟಿಗೆ. ಆಪರೇಟರಿಗೆ ಇಪ್ಪತ್ತಾರು ವರ್ಷ. ಎದ್ದು ನಿಂತಾಗ ಎಡಗಾಲು ಸಣ್ಣಗೆ ಟಿಕ್ ಎಂದಿತು. ಅದೂ ಇದೇ ಕೇಂದ್ರದಲ್ಲಿ ಮಾಡಿದ ಕಾಲು.

"ಡಿಸ್ಕ್ ಕಿತ್ತಿದ್ದು ನೀವೇನಾ?"

"ಹೌದು ಮೇಡಂ."

"ಯಾಕೆ?"

"ಸ್ಕ್ರೀನಲ್ಲಿ ಮೂರನೇ ಡಿಸ್ಕ್ ಕೆಂಪಾಗಿತ್ತು. ಅಲಾರಂ ಕೂಗ್ತಿತ್ತು. ಹೊಸ ಡಿಸ್ಕ್ ಕಪಾಟಲ್ಲೇ ಇತ್ತು, ಬದಲಾಯಿಸಿದೆ."

"ಮುಂಚೆ ಬದಲಾಯಿಸಿದ್ರಾ?"

"ಇಲ್ಲ. ಯಾವಾಗ್ಲೂ ಮೇಷ್ಟ್ರಿಗೆ ಫೋನ್ ಮಾಡ್ತಿದ್ವಿ. ರಿಟೈರಾದೋರು, ಎರಡು ಬಸ್ ಬದಲಾಯಿಸಿ ಬರ್ತಾರೆ. ಬಂದು ಅದೇ ಡಿಸ್ಕನ್ನ ತೆಗೆದು, ಒರೆಸಿ, ವಾಪಸ್ ಹಾಕ್ತಿದ್ರು. ಹಸಿರಾಗ್ತಿತ್ತು. ವಯಸ್ಸಾದೋರನ್ನ ಎಷ್ಟು ಸಲ ಅಂತ ಓಡಾಡಿಸೋದು? ಈ ಸಲ ನಾನೇ ಮಾಡ್ಬಿಡೋಣ ಅಂದ್ಕೊಂಡೆ."

"ನಿಮ್ಮ ಕಾಲಿನ ಅಳತೆ ಎಲ್ಲಿತ್ತು?"

ಅವಳು ಪೆಟ್ಟಿಗೆಯ ಕಡೆ ನೋಡಿದಳು. "ಅದರಲ್ಲೇ."

ಆದರೆ ವ್ಯವಸ್ಥಾಪಕರು ಮುಂದಿಟ್ಟ ಕಾಗದ ಬೇರೆಯೇ ಹೇಳುತ್ತಿತ್ತು. ಡಿಸ್ಕುಗಳನ್ನು ನೋಡಿಕೊಳ್ಳುವ ಕಂಟ್ರೋಲರ್ ಕಾರ್ಡ್ ತನ್ನದೇ ದಿನಚರಿ ಇಡುತ್ತದೆ. ಅದರ ಪ್ರಕಾರ ಮಂಗಳವಾರ 10.05ಕ್ಕೆ ಮೂರನೆಯ ಡಿಸ್ಕ್ ಗುಂಡುಕಲ್ಲಿನಂತಿತ್ತು. 10.12ಕ್ಕೆ ಅದನ್ನು ಕಿತ್ತದ್ದು. ಅದರ ಜೋಡಿ ನಾಲ್ಕನೆಯದು. ಒಂದರಲ್ಲಿ ಬರೆದದ್ದು ಇನ್ನೊಂದರಲ್ಲೂ ಇರುತ್ತದೆ, ಒಂದು ಹೋದರೆ ಇನ್ನೊಂದು ಕಾಯುತ್ತದೆ. ಆದರೆ ಆ ನಾಲ್ಕನೆಯದು ವಾರಗಳಿಂದ ಸೊರಗುತ್ತಾ ಬಂದು, ಒಂಟಿಯಾದ ಮರುನಿಮಿಷವೇ ನಿಂತುಹೋಗಿತ್ತು. ಕಿತ್ತ ಮೂರನೆಯದನ್ನು ವಾಪಸ್ ಹಾಕಿದಾಗ ಕಾರ್ಡ್ ಅದನ್ನು ಖಾಲಿ ಡಿಸ್ಕೆಂದು ಎಣಿಸಿ ಅದರಲ್ಲಿದ್ದದ್ದನ್ನೂ ಅಳಿಸಿಬಿಟ್ಟಿತ್ತು. ಎಲ್ಲದರ ನಕಲನ್ನು ಬೇರೆ ಕಡೆ ಇಡುವ ಯೋಜನೆ ಮೂರು ವರ್ಷದಿಂದ ವ್ಯವಸ್ಥಾಪಕರ ಕಡತದಲ್ಲಿ ಸುಖವಾಗಿ ನಿದ್ದೆ ಮಾಡುತ್ತಿತ್ತು.

12.40ಕ್ಕೆ ಕಂಪ್ಯೂಟರಿಗೆ ಮೊಹರು ಬಿತ್ತು. ಸಂಜೆ ಮೇಲಧಿಕಾರಿಯ ಫೋನು ಬಂತು. ಹುಡುಗಿ ತಾನೇ ಕಿತ್ತದ್ದು ಎಂದು ಒಪ್ಪಿಕೊಂಡ ಮೇಲೆ ತಡವೇಕೆ? ಸೋಮವಾರ ಸಂಜೆಯೊಳಗೆ ಬಂಧನ ಆಗಬೇಕು. ಇನ್‌ಸ್ಪೆಕ್ಟರಿಗೆ ಉಳಿದದ್ದು ಐದೇ ದಿನ.

ಆ ಹಳೆಯ ಪೆಟ್ಟಿಗೆಯ ಒಳಹೊರಗು ಬಲ್ಲವರು ಊರಿಗೆ ಒಬ್ಬರೇ, ಅದೇ ಮೇಷ್ಟ್ರು. ಪಾಠ ಮಾಡಿದವರೇನಲ್ಲ. ಕೇಂದ್ರದಲ್ಲಿ ಇಪ್ಪತ್ತೆರಡು ವರ್ಷ ಯಂತ್ರ ರಿಪೇರಿ ಮಾಡುತ್ತಾ, ಸ್ಕ್ರೂ ತಿರುಗಿಸಿದ್ದನ್ನೂ ಎದುರಿಗಿದ್ದವರಿಗೆ ಬಿಡಿಸಿ ಹೇಳುತ್ತಿದ್ದದ್ದಕ್ಕೆ ಬಂದ ಹೆಸರು. ಗುರುವಾರ ಸರಿಯಾಗಿ 11ಕ್ಕೆ ಇಸ್ತ್ರಿ ಮಾಡಿದ ಅಂಗಿ ತೊಟ್ಟು, ಫ್ಲಾಸ್ಕಿನಲ್ಲಿ ಟೀ ಹಿಡಿದು ಠಾಣೆಗೆ ಬಂದರು. ಜೊತೆಗೆ ಎರಡು ಲೋಟ.

"ಮೂರನೇ ಡಿಸ್ಕ್ ಚೆನ್ನಾಗಿದೆ ಅಂತ ಕಾರ್ಡ್ ಅನ್ನುತ್ತೆ, ಕೆಟ್ಟಿದೆ ಅಂತ ಸ್ಕ್ರೀನ್ ಅನ್ನುತ್ತೆ. ಯಾರನ್ನ ನಂಬಲಿ?"

"ಇಬ್ಬರೂ ನೇರವಾಗಿ ಮಾತಾಡಲ್ಲ ಮೇಡಂ. ಕಾರ್ಡ್ ಮಾತು ವಿಂಡೋಸ್‌ಗೆ ಅರ್ಥ ಆಗಲ್ಲ. ಮಧ್ಯ ಒಬ್ಬ ದುಭಾಷಿ ಬೇಕು. ಅವನೇ ಲೈಬ್ರರಿ ಫೈಲು, ಡಿಎಲ್‌ಎಲ್ ಅಂತಾರೆ. ಡಿಸ್ಕ್ ನೋಡಿಕೊಳ್ಳೋ ಸಾಫ್ಟ್‌ವೇರು ಇವನನ್ನ ಕೇಳುತ್ತೆ, ಇವನು ಕಾರ್ಡನ್ನ ಕೇಳ್ತಾನೆ, ಬಂದು ಹೇಳ್ತಾನೆ."

"ಅವನು ಸುಳ್ಳು ಹೇಳಿದ್ರೆ?"

ಮೇಷ್ಟ್ರು ಟೀ ಬಗ್ಗಿಸಿದರು. "ಹುಡುಗಿ ನೋಡಿದ್ದು ಕೆಂಪೇ ಮೇಡಂ. ಅವಳು ಅಂಥವಳಲ್ಲ. ಅದನ್ನ ಮಾತ್ರ ಬರ್ಕೊಳ್ಳಿ."

ಇನ್‌ಸ್ಪೆಕ್ಟರ್ ಈ ಊರಿಗೆ ವರ್ಗವಾಗಿ ಬಂದು ಏಳು ತಿಂಗಳು. ಮಹಡಿಯ ಮೇಲೊಂದು ಬಾಡಿಗೆ ಕೋಣೆ, ಒಂದು ಕುರ್ಚಿ. ಫೋನು ಬಂದರೆ ಅದು ಠಾಣೆಯದ್ದೇ. ಹತ್ತಿರ ಬಂದವರೆಲ್ಲ ದೂರು ಹೊತ್ತೇ ಬರುತ್ತಿದ್ದರು. ದೂರಿಲ್ಲದೆ ಬಂದು ಎರಡು ಲೋಟ ಮೇಜಿನ ಮೇಲಿಟ್ಟ ಮೊದಲ ಮನುಷ್ಯ ಈ ಮೇಷ್ಟ್ರು. ಶುಕ್ರವಾರ ಗಡಿಯಾರ 10.50 ತೋರಿಸಿದಾಗ ತಾನು ಬಾಗಿಲು ನೋಡುತ್ತಿರುವುದು ಆಕೆಗೆ ಗೊತ್ತಾಗಿ ನಾಚಿಕೆಯಾಯಿತು. ಆದರೂ ನೋಡುವುದನ್ನು ಬಿಡಲಿಲ್ಲ. 11ಕ್ಕೆ ಫ್ಲಾಸ್ಕು, ಎರಡು ಲೋಟದ ಜೊತೆ ಮೇಷ್ಟ್ರು ಬಂದರು.

ಶನಿವಾರ 11.30ಕ್ಕೆ ಪಂಚರ ಸಮಕ್ಷಮ ಮೊಹರು ಒಡೆದು ಸಾಫ್ಟ್‌ವೇರಿನ ಫೋಲ್ಡರ್ ತೆರೆದರು. ಮೇಷ್ಟ್ರು ದೂರದಿಂದಲೇ ಬೆರಳು ತೋರಿಸುತ್ತಾ ಒಂದೊಂದೇ ಫೈಲಿನ ಹೆಸರು, ತಾರೀಕು ಓದಿದರು. ಅಲ್ಪವಿರಾಮ ನಾಲಿಗೆಯ ತುದಿ ಕಚ್ಚಿಕೊಂಡು ಅಕ್ಷರಕ್ಕಕ್ಷರ ಬರೆದರು. ಏನು ಬರೆಯುತ್ತಿದ್ದೇನೆಂದು ಅವರಿಗೆ ತಿಲಮಾತ್ರವೂ ಗೊತ್ತಿರಲಿಲ್ಲ, ಅದಕ್ಕೇ ಏನನ್ನೂ ಬಿಡಲಿಲ್ಲ. ಎಲ್ಲದಕ್ಕೂ ಐದು ವರ್ಷ ಹಿಂದಿನ ಒಂದೇ ತಾರೀಕು. ಒಂದಕ್ಕೆ ಮಾತ್ರ ನವೆಂಬರ್ 4, 10.31.

"ಇವನೇ ದುಭಾಷಿ," ಎಂದರು ಮೇಷ್ಟ್ರು. ದನಿ ತಗ್ಗಿತ್ತು. "ಬದಲಾಗಿದ್ದಾನೆ. ಅಷ್ಟೇ ಮೇಡಂ, ಮುಗೀತು."

ಅಲ್ಪವಿರಾಮ ಬರೆದದ್ದನ್ನು ಎಣಿಸಿದರು. "ಹದಿಮೂರು. ಇಲ್ಲಿ ಕೆಳಗೆ ಹದಿನಾಲ್ಕು ಅಂತ ತೋರಿಸ್ತಿದೆಯಲ್ಲ ಮೇಷ್ಟ್ರೇ?"

"ಅದು ಹಳೇದು ಬಿಡಿ. ಲೆಕ್ಕಕ್ಕಿಲ್ಲ."

"ಲೆಕ್ಕದಲ್ಲಿದೆ ಅಂತಾನೇ ಕೇಳಿದ್ದು. ಪಂಚನಾಮೆಯಲ್ಲಿ ನನಗೆ ಹಳೇದು ಹೊಸದು ಇಲ್ಲ ಸ್ವಾಮಿ."

ಪರದೆಯನ್ನು ಸ್ವಲ್ಪ ಕೆಳಗೆ ಸರಿಸಿದಾಗ ಹದಿನಾಲ್ಕನೆಯದು ಕಂಡಿತು. ದುಭಾಷಿಯದೇ ಹೆಸರು, ಕೊನೆಯಲ್ಲಿ 'ಓಲ್ಡ್' ಎಂಬ ಮೂರು ಇಂಗ್ಲಿಷ್ ಅಕ್ಷರ, ಅದರ ಮುಂದೆ 20251104. ವರ್ಷ, ತಿಂಗಳು, ದಿನ, ಒಟ್ಟು ಎಂಟು ಅಂಕಿ. ಫೈಲು ಬದಲಾಯಿಸಿದವನು ಮೂಲದ್ದನ್ನು ಅಳಿಸದೆ, ಹೆಸರಿಗೆ ಬಾಲ ಸೇರಿಸಿ ಪಕ್ಕದಲ್ಲೇ ಇಟ್ಟುಹೋಗಿದ್ದ. ಕಳ್ಳನೊಬ್ಬ ಹೊಸ ಬೀಗ ಹಾಕಿ, ಹಳೆಯದಕ್ಕೆ ತಾರೀಕು ಬರೆದು ಮೊಳೆಗೆ ನೇತುಹಾಕಿದಂತೆ.

"ಯಾಕೆ ಅಳಿಸಿಲ್ಲ?" ಇನ್‌ಸ್ಪೆಕ್ಟರ್ ಕೇಳಿದರು.

"ಕೆಲಸ ಕಲಿತೋನು ಅಳಿಸಲ್ಲ ಮೇಡಂ. ಹೊಸದು ಕೈಕೊಟ್ರೆ ಹಳೇದು ಬೇಕಾಗುತ್ತೆ." ಹೇಳಿದ ಮೇಲೆ ಮೇಷ್ಟ್ರ ಮುಖ ಸಪ್ಪಗಾಯಿತು. ಅವತ್ತು ಫ್ಲಾಸ್ಕಿನ ಟೀ ಹಾಗೇ ಉಳಿಯಿತು.

ಭಾನುವಾರ ಇನ್‌ಸ್ಪೆಕ್ಟರ್ ಕೇಂದ್ರದ ಸಂದರ್ಶಕರ ರಿಜಿಸ್ಟರನ್ನು ತನ್ನ ಕೋಣೆಗೆ ತಂದು ಒಂದೇ ಕುರ್ಚಿಯಲ್ಲಿ ಕೂತು ಓದಿದರು. ನವೆಂಬರ್ 4, ಮಂಗಳವಾರ, ಒಳಗೆ ಬಂದದ್ದು 10.20, ಕೆಲಸ: ಫ್ಯಾನಿನ ಧೂಳು ತೆಗೆಯುವುದು, ಮೇಷ್ಟ್ರ ಸಹಿ. ಆಮೇಲೆ ನವೆಂಬರ್ 18, ಡಿಸೆಂಬರ್ 2, 16, 30. ಹೀಗೇ ಫೆಬ್ರವರಿ 24ರವರೆಗೆ ಎಂಟು ಸಲ, ಕೆಲಸ: ಮೂರನೆಯ ಡಿಸ್ಕ್. ಎಲ್ಲವೂ ಒಂದು ವಾರ ಬಿಟ್ಟು ಒಂದು ವಾರ, ಮಂಗಳವಾರ. ಯಂತ್ರ ಕೆಡುವುದಕ್ಕೂ ವಾರ ನೋಡುತ್ತದೆಯೇ? ಹೋದ ಮಂಗಳವಾರದ ಸಾಲಿನಲ್ಲಿ ಮೇಷ್ಟ್ರ ಸಹಿ ಇರಲಿಲ್ಲ. ಅವತ್ತು ಅವರನ್ನು ಯಾರೂ ಕರೆದಿರಲಿಲ್ಲ. ಆಕೆ ರಿಜಿಸ್ಟರ್ ಮುಚ್ಚಿದರು. ತಪ್ಪು ಓದಿದ್ದೇನೆಂದು ಯಾರಾದರೂ ಹೇಳಬಾರದೇ ಎನಿಸಿತು. ಹೇಳಲು ಕೋಣೆಯಲ್ಲಿ ಯಾರಿದ್ದರು?

ಸೋಮವಾರ 11ಕ್ಕೆ ಈ ಸಲ ಇನ್‌ಸ್ಪೆಕ್ಟರೇ ಅಲ್ಪವಿರಾಮರ ಜೊತೆ ಮೇಷ್ಟ್ರ ಮನೆಗೆ ಹೋದರು. ಎರಡು ಕೋಣೆಯ ಮನೆ, ಕಸಕಡ್ಡಿ ಇಲ್ಲದಷ್ಟು ಚೊಕ್ಕಟ. ಫೋನನ್ನು ಮಡಿಸಿದ ಟವೆಲಿನ ಮೇಲೆ, ಎಲ್ಲಿ ಕೂತರೂ ಕೇಳಿಸುವ ಹಾಗೆ ನಡುಮನೆಯಲ್ಲಿ ಇಟ್ಟಿದ್ದರು. ಗೋಡೆಯ ಕಪಾಟಿನಲ್ಲಿ ಸುಟ್ಟ ಸ್ವಿಚ್ಚು, ನಿಂತ ಗಡಿಯಾರ, ಸವೆದ ನಲ್ಲಿ, ಪ್ರತಿಯೊಂದಕ್ಕೂ ದಾರದಲ್ಲಿ ಚೀಟಿ. 'ಹಳೆಯದು', ಆಮೇಲೆ ಎಂಟು ಅಂಕಿ. ಮೇಲಿನ ಸಾಲಿನಲ್ಲಿ ಹೆಂಗಸರ ಕನ್ನಡಕವೊಂದಿತ್ತು. ಅದರ ಚೀಟಿಯಲ್ಲಿ ಬರೀ ತಾರೀಕಿತ್ತು.

ಇನ್‌ಸ್ಪೆಕ್ಟರ್ ಕಪಾಟು ನೋಡಿದರು. ಆಕೆ ನೋಡಿದ್ದನ್ನು ಮೇಷ್ಟ್ರು ನೋಡಿದರು.

"ನವೆಂಬರ್ ನಾಲ್ಕು. ಫೈಲು ನೀವೇ ಬರೆದಿದ್ದಾ?"

"ನಾನೇ."

"ಯಾಕೆ ಮೇಷ್ಟ್ರೇ?"

"ಮನೆಯವಳು ಹೋದ್ಮೇಲೆ ಈ ಫೋನ್ ಹೊಡ್ಕೊಂಡಿದ್ದೇ ಅಪರೂಪ. ಕೇಂದ್ರದವರು ಒಂದ್ಸಲ ಡಿಸ್ಕ್ ಕೆಟ್ಟಾಗ ಕರೆದ್ರು. ಹೋದೆ. ಟೀ ಕೊಟ್ರು, ಕೂರಿಸ್ಕೊಂಡ್ರು, ಆ ಹುಡುಗಿ ಅದು ಹೇಗೆ ಇದು ಹೇಗೆ ಅಂತ ಕೇಳ್ತಾ ಹೋದ್ಲು. ಆಮೇಲೆ ನಾಲ್ಕು ತಿಂಗಳು ಏನೂ ಕೆಡಲಿಲ್ಲ." ಅವರು ಕೈ ನೋಡಿಕೊಂಡರು. "ಯಾರಿಗೂ ತೊಂದ್ರೆ ಆಗದ ಹಾಗೆ ಮಾಡಿದ್ದೆ. ಎರಡು ವಾರಕ್ಕೊಂದ್ಸಲ ಮೂರನೇದು ಕೆಟ್ಟಿದೆ ಅನ್ನೋದು. ನಾನು ಹೋಗಿ ಮುಟ್ಟಿದ್ರೆ ಸರಿಯಾಗೋದು."

"ನಾಲ್ಕನೇದು ನಿಜವಾಗ್ಲೂ ಕೆಡ್ತಾ ಇತ್ತು."

"ಉಳಿದ ಏಳೂ ಚೆನ್ನಾಗಿವೆ ಅಂತ ಹೇಳೋ ಹಾಗೆ ಬರೆದಿದ್ದೆ ಮೇಡಂ. ನಿಜ ಹೇಳೋಕೆ ಅವನಿಗೆ ಜಾಗಾನೇ ಇಟ್ಟಿರಲಿಲ್ಲ."

"ಹುಡುಗೀನ ಇವತ್ತು ಸಂಜೆ ಬಂಧಿಸಬೇಕಿತ್ತು. ಗೊತ್ತಾ?"

ಮೇಷ್ಟ್ರು ತಲೆಯೆತ್ತಿದರು. "ಅದಕ್ಕೇ ದುಭಾಷಿ ವಿಷಯ ಮೊದಲ ದಿನವೇ ಹೇಳಿದ್ದು. ಅದೊಂದರಿಂದ ಅವಳು ಪಾರಾದ್ರೆ ಸಾಕು ಅಂದ್ಕೊಂಡೆ. ಪೂರ್ತಿ ಹೇಳೋಣ ಅಂತ ದಿನಾ ಬರ್ತಿದ್ದೆ. ಬಂದು ಕೂತ್ರೆ, ನೀವು ಏನೇನೋ ಕೇಳ್ತಿದ್ರಿ. ಹೇಳಿಬಿಟ್ರೆ ನಾಳೆ ಕರೆಯಲ್ವಲ್ಲ ಅನ್ಸೋದು. ತಪ್ಪು ಮೇಡಂ. ದೊಡ್ಡ ತಪ್ಪು."

ಇನ್‌ಸ್ಪೆಕ್ಟರಿಗೆ ಸಿಟ್ಟು ಬಂತು. ತಾನೂ ಬಾಗಿಲು ನೋಡುತ್ತಾ ಕೂತದ್ದು ನೆನಪಾಯಿತು. 12.15ಕ್ಕೆ ಬಂಧನವೆಂದು ತಿಳಿಸಿದರು. ಮೇಷ್ಟ್ರು ಗ್ಯಾಸ್ ಆರಿಸಿದ್ದು ನೋಡಿಕೊಂಡು, ಕಿಟಕಿ ಹಾಕಿ, ಬೀಗದ ಕೈಯನ್ನು ತಾವೇ ಅಲ್ಪವಿರಾಮರಿಗೆ ಕೊಟ್ಟರು.

ಠಾಣೆಯಲ್ಲಿ ಬಂಧನದ ನಮೂನೆ ತುಂಬುತ್ತಾ ಬಂದ ಅಲ್ಪವಿರಾಮರ ಪೆನ್ನು ಒಂದು ಸಾಲಿನಲ್ಲಿ ನಿಂತಿತು.

"ಬಂಧನದ ವಿಷಯ ಯಾರಿಗೆ ತಿಳಿಸಬೇಕು? ಮಕ್ಕಳು?"

"ಇಲ್ಲ."

"ಅಣ್ಣತಮ್ಮಂದಿರು, ನೆಂಟರು?"

"ಇದ್ದೋರು ಹೋದ್ರು."

"ಅಕ್ಕಪಕ್ಕದೋರಾದ್ರೂ? ಈ ಸಾಲು ಖಾಲಿ ಬಿಡೋ ಹಾಗಿಲ್ಲ ಮೇಷ್ಟ್ರೇ."

ಮೇಷ್ಟ್ರು ತಡವರಿಸದೆ ಒಂದು ನಂಬರ್ ಹೇಳಿದರು. ಬಾಯಿಪಾಠವಾಗಿ ಬರುವುದು ಅದೊಂದೇ ಎಂದರು. ಅಲ್ಪವಿರಾಮ ಬರೆದುಕೊಂಡು ಎಫ್‌ಐಆರ್ ತಿರುವಿ ನೋಡಿ ಕಾಗದವನ್ನು ಇನ್‌ಸ್ಪೆಕ್ಟರ್ ಮುಂದೆ ಸರಿಸಿದರು. ಅದು ಕೇಂದ್ರದ ಕಂಪ್ಯೂಟರ್ ಕೋಣೆಯ ನಂಬರ್.

ಇನ್‌ಸ್ಪೆಕ್ಟರೇ ಫೋನ್ ಮಾಡಿದರು. ಎತ್ತಿದವಳು ಆಪರೇಟರ್. ಇನ್‌ಸ್ಪೆಕ್ಟರ್ ಹೇಳಬೇಕಾದ್ದನ್ನು ಪೂರ್ತಿ ಹೇಳಿದರು. ಅವಳ ಮೇಲಿನ ಆರೋಪ ಬಿದ್ದುಹೋಗಿದೆ, ಫೈಲು ಬದಲಾಯಿಸಿದವರು ಇಂಥವರು, ಕಾರಣ ಇಂಥದ್ದು.

"ಅವತ್ತು ನಾನು ಫೋನ್ ಮಾಡಿದ್ರೆ ಆಗ್ತಿತ್ತು," ಎಂದಳು. "ಕೆಳಗೆ ಬೆಂಚಲ್ಲಿ ಜನ ಕೂತಿದ್ದಾರೆ ಮೇಡಂ. ಅವರಿಗೆ ಏನು ಹೇಳ್ಲಿ?" ಆಮೇಲೆ ತಾನೇ ಮುಂದುವರಿಸಿದಳು. "ಅವರ ಅಳತೆ ಮುಗಿಸಿ ಬರ್ತೀನಿ. ಮೇಷ್ಟ್ರಿಗೆ ಹೇಳಿ."

ಇನ್‌ಸ್ಪೆಕ್ಟರ್ ಒಳಗೆ ಹೋಗಿ ಹೇಳಿದರು. ಬೆಂಚಿನ ತುದಿಯಲ್ಲಿ ಕೂತಿದ್ದ ಮೇಷ್ಟ್ರು ಅಂಗಿಯ ಸುಕ್ಕು ಸರಿಮಾಡಿಕೊಂಡರು. ಆಮೇಲೆ ಅವರ ಕಣ್ಣು ತುಂಬಿತು.

"ಅಲ್ಲಿಂದ ಇಲ್ಲಿಗೆ ಎರಡು ಬಸ್ ಬದಲಾಯಿಸಬೇಕಲ್ಲ ಮೇಡಂ," ಎಂದರು. "ಆ ಕಾಲಲ್ಲಿ ಅವಳನ್ನ ಯಾಕೆ ಓಡಾಡಿಸ್ತೀರಿ?"

ಅಲ್ಪವಿರಾಮ ಖಾಲಿಯಿದ್ದ ಸಾಲಿನಲ್ಲಿ 'ತಿಳಿಸಲಾಗಿದೆ, 1.10' ಎಂದು ಬರೆದು ಪೂರ್ಣವಿರಾಮ ಇಟ್ಟರು. ಇನ್‌ಸ್ಪೆಕ್ಟರ್ ಜೀಪಿನ ಕೀಲಿ ತೆಗೆದುಕೊಂಡು ಆ ಹುಡುಗಿಯನ್ನು ಕರೆತರಲು ತಾವೇ ಹೊರಟರು.