ಬೇಡವೆಂದ ಕೀ ಫೈಲ್

"ನಿಮ್ಮ ಕೀ ನಂಗೆ ಬೇಡ. ಇನ್ಮೇಲೆ ಕಳಿಸ್ಬೇಡಿ."

ಕೀರ್ತನಾಳ ಮೆಸೇಜನ್ನು ಫಕೀರೇಶ ಮತ್ತೆ ಮತ್ತೆ ಓದಿದ. ಬೇಡವಾಗಿದ್ದು ಕೀ ಮಾತ್ರವೋ, ಕಳಿಸಿದವನೂ ಬೇಡವೋ, ತಿಳಿಯಲಿಲ್ಲ.

ಶಿರಹಟ್ಟಿಯಿಂದ ಬೆಂಗಳೂರಿಗೆ ಓದಲು ಬಂದ ಅವನು ಈಗ ಕೆಂಗೇರಿಯಲ್ಲಿ ರೂಮು ಮಾಡಿಕೊಂಡಿದ್ದ. ಒಂದು ಗೇಮ್ ಕಂಪನಿಯಲ್ಲಿ ಕೆಲಸವೂ ಸಿಕ್ಕಿತ್ತು, ಸೇರುವುದಷ್ಟೇ ಬಾಕಿ. ಕುರುಬರಹಳ್ಳಿಯ ಕೀರ್ತನಾ ಲಾ ಓದುತ್ತಿದ್ದಳು. ಗೆಳತಿ ಸೌಂದರ್ಯಾಳ ಮನೆಯಲ್ಲಿ ಪರಿಚಯವಾದಾಗ, ಇಬ್ಬರ ಬ್ಯಾಗಿನಲ್ಲೂ ಒಂದೇ ಬಗೆಯ ಪುಟ್ಟ ಗೇಮ್ ಕನ್ಸೋಲ್ ಇತ್ತು, ಇಬ್ಬರೂ ಆಡುತ್ತಿದ್ದುದೂ ಒಂದೇ ಆಟ. ಅಂದಿನಿಂದ ಸಂಜೆಯಾದರೆ ಅವಳ ಫೋನ್: "ಆಟದಲ್ಲಿ ಎಲ್ಲಿಗೆ ಬಂದ್ರಿ? ಆ ಸೇತುವೆ ದಾಟಿದ್ರಾ?"

ಕಳೆದ ವಾರ ಅವಳ ಕನ್ಸೋಲ್ ಬಿದ್ದು ಕೆಟ್ಟಿತು. ರಿಪೇರಿಗೆ ತಿಂಗಳಾಗುತ್ತದೆ ಎಂದರಂತೆ. ಆ ಆಟವನ್ನು ಲ್ಯಾಪ್‌ಟಾಪಿನಲ್ಲಿ ಆಡಿಸುವ ಎಮ್ಯುಲೇಟರ್ ಎಂಬ ಸಾಫ್ಟ್‌ವೇರ್ ಇದೆ. ಆದರೆ ಆಟಕ್ಕೆ ಕಂಪನಿಯವರು ಬೀಗ ಹಾಕಿರುತ್ತಾರೆ, ಅದನ್ನು ಬಿಚ್ಚುವ ಕೀ, ಅಂದರೆ ಒಂದು ಗುಪ್ತ ಸಂಕೇತ, ಕನ್ಸೋಲಿನೊಳಗೇ ಇರುತ್ತದೆ. ಫಕೀರೇಶ ತನ್ನ ಕನ್ಸೋಲಿನಿಂದ ಕೀ ತೆಗೆದು, ಒಂದು ಫೈಲ್ ಮಾಡಿ ಅವಳಿಗೆ ಕಳಿಸಿದ್ದ.

ಬಂದ ಉತ್ತರ ಇದು. ಅವನು ಮಾತು ನಿಲ್ಲಿಸಿಬಿಟ್ಟ. ಅತ್ತ ಕೀರ್ತನಾಳಿಗೂ ಅರ್ಥವಾಗಲಿಲ್ಲ: ಒಳ್ಳೆಯದಕ್ಕೆ ಹೇಳಿದರೆ ಮುನಿಸೇಕೆ? ಕಾದು ಸಾಕಾಗಿ ಅವಳೇ ವಿಜಯನಗರಕ್ಕೆ ಬರಹೇಳಿದಳು.

ದರ್ಶಿನಿಯ ಮುಂದೆ ಬೈಟು ಕಾಫಿ ಹಿಡಿದು ನಿಂತಾಗ ಅವನು ಅವಳ ಮುಖ ಬಿಟ್ಟು ಉಳಿದೆಲ್ಲವನ್ನೂ ನೋಡುತ್ತಿದ್ದ.

"ಸಿಟ್ಟಾ?" ಅವಳು ಕೇಳಿದಳು.

"ಇಲ್ರಿ. ಬ್ಯಾಡ ಅಂದ್ರಲ್ಲ, ಅದಕ್ಕ ಸುಮ್ನಾದೆ."

"ಆ ಕೀ ಹಂಚೋದು ತಪ್ಪಾಗ್ಬಹುದು ಕಣ್ರೀ. ಹೊರದೇಶದಲ್ಲಿ ಎಮ್ಯುಲೇಟರ್ ಮಾಡಿದವ್ರ ಮೇಲೇ ಕೇಸ್ ಹಾಕಿದಾರೆ. ನೀವು ಸೇರ್ತಿರೋದು ಗೇಮ್ ಕಂಪನಿ. ನಿಮ್ಮ ಫೈಲ್ ನನ್ನಿಂದ ಇನ್ಯಾರಿಗೋ ಹೋಗಿ, ನಿಮ್ಮ ಹೆಸರು ಬಂದ್ರೆ?"

ಅವನು ಈಗ ಅವಳನ್ನೇ ನೋಡಿದ. "ನನ್ನ ಸಲುವಾಗಿ ಬ್ಯಾಡ ಅಂದ್ರೇನು?"

"ಮತ್ತಿನ್ನೇನು?" ಅವಳ ಕೆನ್ನೆ ಸ್ವಲ್ಪ ಕೆಂಪಾಯಿತು.

"ನಿಮ್ಮ ಕನ್ಸೋಲು, ನಿಮ್ಮ ಆಟ. ಅದರ ಕೀ ನೀವೇ ತಗೊಂಡ್ರ ಅದೂ ತಪ್ಪೇನು?"

"ಗೊತ್ತಿಲ್ಲ. ಬೀಗ ಯಾವ ಉದ್ದೇಶಕ್ಕೆ ಮುರಿದ್ರು ಅನ್ನೋದು ಮುಖ್ಯ ಅಂತಾರೆ ಒಬ್ಬ ಮೇಷ್ಟ್ರು. ಇನ್ನೊಬ್ರು, ಮುಟ್ಟಲೇಬಾರದು ಅಂತಾರೆ. ಓದಿದಷ್ಟೂ ಗೋಜಲು. ಅಲ್ಲ, ಒಂದು ತಿಂಗಳು ತಡ್ಕೊಳೋಕಾಗ್ತಿರ್ಲಿಲ್ವಾ ನಿಮಗೆ? ಯಾಕಿಷ್ಟು ಅರ್ಜೆಂಟು?"

ಫಕೀರೇಶ ಖಾಲಿ ಲೋಟವನ್ನು ಬೆರಳಲ್ಲಿ ತಿರುಗಿಸಿದ. "ಆಟ ನಿಂತ್ರ ನೀವು ಫೋನ್ ಮಾಡೋದೂ ನಿಲ್ತದ ಅಂತ ಹೆದರಿದ್ದೆ."

ಅವಳು ನಗಲಿಲ್ಲ. "ನಾನು ಆ ಸೇತುವೆ ಯಾವಾಗ್ಲೋ ದಾಟಿದ್ದೆ," ಎಂದಳು ಮೆಲ್ಲಗೆ. "ಫೋನ್ ಮಾಡೋಕೆ ಏನಾದ್ರೂ ನೆಪ ಬೇಕಿತ್ತು."

ಲೋಟ ಒಯ್ಯಲು ಬಂದವನು ಕೈಯೊಡ್ಡಿದರೂ ಫಕೀರೇಶನಿಗೆ ಕೊಡಲು ತೋಚಲಿಲ್ಲ. ಅವಳೇ ಅವನ ಕೈಯಿಂದ ಬಿಡಿಸಿ ಕೊಟ್ಟಳು.

"ರಿಪೇರಿ ಆಗೋ ತನಕ ನನ್ನ ಕನ್ಸೋಲಿನ್ಯಾಗ ಆಡ್ರಿ," ಎಂದ ಅವನು. "ದಿನಾ ಸಂಜೀಕೆ ತರ್ತೀನಿ."

"ರಿಪೇರಿ ಆದ್ಮೇಲೆ?"

"ಆಮ್ಯಾಲೂ ಬರ್ತೀನ್ರಿ."

"ಎಲ್ಲಿ ತನಕ?"

"ಅದು... ನೀವು ಹೂಂ ಅಂದ್ರ... ಎಲ್ಲಿ ತನಕ ಅಂತ ಹೆಂಗ ಹೇಳ್ಲಿ?"

ಕೀರ್ತನಾ ಬ್ಯಾಗ್ ಹೆಗಲಿಗೇರಿಸಿದಳು. ಅವನ ಪಕ್ಕಕ್ಕೆ, ಭುಜ ತಾಗುವಷ್ಟು ಹತ್ತಿರ ಬಂದು ನಿಂತಳು.

"ನಂಗೆ ಅರ್ಥ ಆಯ್ತು. ನಮ್ಮಪ್ಪನ ಮುಂದೆ ಮಾತ್ರ ಸ್ವಲ್ಪ ಬಿಡಿಸಿ ಹೇಳಿ."